ಕೊಪ್ಪದ ಬಸ್ಸು, ಕೋರ್ಟಿನ ಬಾಗಿಲು

ಮಲೆನಾಡಿನಲ್ಲಿ ಬಸ್ಸನ್ನು ಹೆಸರು ಹಿಡಿದು ಕರೆಯುತ್ತಾರೆ, ನಂಬರು ಯಾರಿಗೂ ಬೇಕಿಲ್ಲ. ‘ಶಂಕರ್ ಬಂತಾ?’ ಎಂದು ಕೇಳುವ ಕಾಲವೊಂದಿತ್ತು. ಆಮೇಲೆ ‘ಸಹಕಾರ ಸಾರಿಗೆ ಹೋಯ್ತಾ?’ ಎಂದು ಕೇಳುವ ಕಾಲ ಬಂತು. ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ತಾಲೂಕುಗಳಲ್ಲಿ ಅಡಿಕೆ ತೋಟದ ಬೇಲಿಯ ಪಕ್ಕ ಕೊಡೆ ಹಿಡಿದು ನಿಂತ ಜನರ ಈ ಎರಡು ಪ್ರಶ್ನೆಗಳ ನಡುವೆ, ಕರ್ನಾಟಕದ ಕಾರ್ಮಿಕ ಚರಿತ್ರೆಯ ಒಂದು ಅಪರೂಪದ ಅಧ್ಯಾಯವಿದೆ.

ಶಂಕರ್ ಟ್ರಾನ್ಸ್‌ಪೋರ್ಟ್ ಕಂಪನಿ ಕಾರ್ಮಿಕ ವಿವಾದದ ನಡುವೆ ಮುಚ್ಚಿತು. ಕೆಲಸ ಕಳೆದುಕೊಂಡ ಚಾಲಕರು, ನಿರ್ವಾಹಕರು, ಮೆಕ್ಯಾನಿಕ್‌ಗಳು ಪರಿಹಾರದ ಹಣ ಹಂಚಿಕೊಂಡು ಮನೆಗೆ ಹೋಗಿದ್ದರೆ ಅದು ಎಲ್ಲ ಕಡೆ ನಡೆಯುವ ಕಥೆಯೇ ಆಗುತ್ತಿತ್ತು. ಅವರು ಹಾಗೆ ಮಾಡಲಿಲ್ಲ. 1991ರಲ್ಲಿ ತಾವೇ ಒಂದು ಸಹಕಾರ ಸಂಘ ಕಟ್ಟಿಕೊಂಡು 6 ಬಸ್ಸುಗಳನ್ನು ರಸ್ತೆಗಿಳಿಸಿದರು. ದಾಖಲೆಯಲ್ಲಿ ಅದು ಟ್ರಾನ್ಸ್‌ಪೋರ್ಟ್ ಕೋ-ಆಪರೇಟಿವ್ ಸೊಸೈಟಿ, ಜನರ ಬಾಯಲ್ಲಿ ಸಹಕಾರ ಸಾರಿಗೆ. ಸ್ಟೀರಿಂಗ್ ಹಿಡಿದವನೂ ಷೇರುದಾರ, ಟಿಕೆಟ್ ಹರಿದವನೂ ಷೇರುದಾರ, ಡಿಪೋದಲ್ಲಿ ಗ್ರೀಸು ಮೆತ್ತಿದ ಕೈಯವನೂ ಷೇರುದಾರ. ಆಡಳಿತ ಮಂಡಳಿಯನ್ನು ಆರಿಸುವವರು ಅವರೇ. 6 ಬಸ್ಸು ಇದ್ದದ್ದು ಬೆಳೆಯುತ್ತಾ 70ನ್ನು ದಾಟಿತು. ವಿದ್ಯಾರ್ಥಿಗಳಿಗೆ ರಿಯಾಯಿತಿ ಪಾಸು ಕೊಟ್ಟಿತು. ಲಾಭವಿಲ್ಲವೆಂದು ಬೇರೆಯವರು ಹೋಗದ ಊರುಗಳಿಗೂ ಹೋಯಿತು. ಕೆಲಸಗಾರರೇ ಮಾಲೀಕರಾಗಿ ಇಷ್ಟು ವರ್ಷ ಬಸ್ಸು ಓಡಿಸಿದ ಉದಾಹರಣೆ ದೇಶದಲ್ಲೇ ವಿರಳ.

ಈ ಸಂಘದ ಏಳುಬೀಳಿನ ಬಗ್ಗೆ ಬೇಕಾದಷ್ಟು ಬರೆದಾಗಿದೆ. ನನ್ನ ಮನಸ್ಸು ನಿಂತಿರುವುದು ಅದರ ಪಕ್ಕದಲ್ಲೇ ಇರುವ, ಹೆಚ್ಚು ಜನ ನೋಡದ ಒಂದು ಪ್ರಶ್ನೆಯಲ್ಲಿ. ಸಹಕಾರ ಸಂಘವೊಂದು ತನ್ನ ನೌಕರನನ್ನು ಕೆಲಸದಿಂದ ತೆಗೆದರೆ ಆತ ಎಲ್ಲಿಗೆ ಹೋಗಬೇಕು? ಬಸ್ಸು ಓಡಿಸುವ ಸಂಘಕ್ಕೆ ಮಾತ್ರ ಸಂಬಂಧಿಸಿದ ಪ್ರಶ್ನೆ ಇದಲ್ಲ. ಊರೂರಿನ ಪ್ರಾಥಮಿಕ ಕೃಷಿ ಪತ್ತಿನ ಸಹಕಾರ ಸಂಘದ ಗುಮಾಸ್ತ, ಮಾರಾಟ ಸಂಘದಲ್ಲಿ ಅಡಿಕೆ ತೂಗುವವ, ಪಿಎಲ್‌ಡಿ ಬ್ಯಾಂಕಿನ ವಸೂಲಿ ನೌಕರ, ಹಾಲಿನ ಡೇರಿಯ ಕಾರ್ಯದರ್ಶಿ, ಇವರೆಲ್ಲರ ಪ್ರಶ್ನೆ. ತುಂಗೆ ಮತ್ತು ಭದ್ರೆಯ ನಡುವಿನ ಈ ಸೀಮೆಯಲ್ಲಿ ಸೊಸೈಟಿಯ ಮೆಟ್ಟಿಲು ಹತ್ತದ ರೈತ ಕುಟುಂಬ ಸಿಗುವುದು ಕಷ್ಟ. ಆ ಸೊಸೈಟಿಯ ಮೇಜಿನ ಆಚೆ ಕೂತವನ ನೌಕರಿಗೆ ಏನು ಭದ್ರತೆ ಇದೆ ಎಂದು ವಿಚಾರಿಸಿದವರು ಮಾತ್ರ ಕಡಿಮೆ.

ಮೊದಲಿನಿಂದ ಹೇಳುತ್ತೇನೆ. 1904ರಲ್ಲಿ ಬ್ರಿಟಿಷ್ ಸರ್ಕಾರ ಸಹಕಾರಿ ಪತ್ತಿನ ಸಂಘಗಳ ಕಾಯ್ದೆ ತಂದಿತು, ಮರುವರ್ಷ ಗದಗ ಬಳಿಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಸಂಘ ಕಟ್ಟಿದರು. ಕೊಪ್ಪ, ಶೃಂಗೇರಿಗಳು ಆಗ ಮೈಸೂರು ಸಂಸ್ಥಾನದ ಕಡೂರು ಜಿಲ್ಲೆಗೆ ಸೇರಿದ್ದವು. ಮೈಸೂರು 1905ರಲ್ಲಿ ತನ್ನದೇ ಕಾಯ್ದೆ ಮಾಡಿಕೊಂಡಿತು. ಆ ಕಾಲದ ಕಾನೂನು ಬರೆದವರ ಕಣ್ಣ ಮುಂದೆ ಇದ್ದದ್ದು ಸಾಲ ಬೇಕಾದ ರೈತ ಮತ್ತು ಬಡ್ಡಿ ಹಿಂಡುವ ಸಾಹುಕಾರ. ಹಳ್ಳಿಯ ಸಂಘಕ್ಕೆ ಸಂಬಳದ ನೌಕರನೇ ಇರುತ್ತಿರಲಿಲ್ಲ. ಊರಿನ ಮೇಷ್ಟ್ರೋ ಶಾನುಭೋಗರೋ ಗೌರವ ಕಾರ್ಯದರ್ಶಿಯಾಗಿ ಲೆಕ್ಕ ಬರೆಯುತ್ತಿದ್ದರು. ಇಲ್ಲದ ನೌಕರನ ಜಗಳಕ್ಕೆ ಕಾನೂನು ಯಾಕೆ ಬೇಕು?

ರಾಜ್ಯ ಏಕೀಕರಣವಾದ ಮೇಲೆ ಬಂದ 1959ರ ಸಹಕಾರ ಸಂಘಗಳ ಕಾಯ್ದೆ 1960ರ ಜೂನ್ 1ರಿಂದ ಜಾರಿಯಾಯಿತು. ಇವತ್ತಿಗೂ ನಡೆಯುತ್ತಿರುವುದು ಅದೇ. ಅದರ 70ನೇ ಸೆಕ್ಷನ್ ಸಂಘದೊಳಗಿನ ವಿವಾದಗಳನ್ನು ಸಿವಿಲ್ ಕೋರ್ಟಿನಿಂದ ಹೊರಗಿಟ್ಟು ಸಹಕಾರ ಸಂಘಗಳ ನಿಬಂಧಕರ (ರಿಜಿಸ್ಟ್ರಾರ್) ಕೈಗೆ ಕೊಟ್ಟಿತು. ಸಂಘದ ರಚನೆ, ಆಡಳಿತ, ವ್ಯವಹಾರ ಇವಕ್ಕೆ ಸಂಬಂಧಿಸಿದ ವಿವಾದಗಳು ಅಲ್ಲಿಗೇ ಹೋಗಬೇಕು. ಉದ್ದೇಶ ಒಳ್ಳೆಯದೇ ಆಗಿತ್ತು. ಸಾಲದ ಬಾಕಿಗೆ, ಚುನಾವಣೆಯ ತಕರಾರಿಗೆ ಸದಸ್ಯರು ವರ್ಷಗಟ್ಟಲೆ ಮುನ್ಸೀಫ್ ಕೋರ್ಟು ಸುತ್ತಬಾರದು ಎಂಬುದು. ಆದರೆ ನೌಕರನನ್ನು ವಜಾ ಮಾಡುವುದು ಸಂಘದ ‘ವ್ಯವಹಾರ’ವೇ?

ಈ ಪ್ರಶ್ನೆ ಸುಪ್ರೀಂ ಕೋರ್ಟಿಗೆ ಹೋದದ್ದು ನೆರೆಯ ಆಂಧ್ರದಿಂದ. ಅಲ್ಲಿನ ಸಹಕಾರಿ ಕೇಂದ್ರ ಬ್ಯಾಂಕುಗಳ ನೌಕರರು ಸೇವಾ ಷರತ್ತುಗಳಿಗಾಗಿ ಕೈಗಾರಿಕಾ ನ್ಯಾಯಾಧಿಕರಣದ ಮೊರೆ ಹೋಗಿದ್ದರು. ಬ್ಯಾಂಕುಗಳು ‘ಇದು ಸಹಕಾರ ವಿವಾದ, ರಿಜಿಸ್ಟ್ರಾರ್ ಬಳಿಯೇ ಬರಬೇಕು’ ಎಂದವು. 1969ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ನೌಕರರ ಪರ ನಿಂತಿತು. ನೌಕರರ ಸೇವಾ ಷರತ್ತುಗಳನ್ನು ಬದಲಿಸಬೇಕೆಂಬ ವಿವಾದ ಸಂಘದ ವ್ಯವಹಾರಕ್ಕೆ ಸಂಬಂಧಿಸಿದ್ದಲ್ಲ ಎಂದಿತು. ಆ ತೀರ್ಪಿನ ತಿರುಳು ನನಗೆ ಇಂದಿಗೂ ಮುಖ್ಯವಾಗಿ ಕಾಣುತ್ತದೆ: ರಿಜಿಸ್ಟ್ರಾರ್ ಕಾನೂನು ಮತ್ತು ಬೈಲಾ ಹೇಳಿದಷ್ಟನ್ನೇ ನೋಡಬಲ್ಲರು, ಕೈಗಾರಿಕಾ ನ್ಯಾಯಾಧಿಕರಣ ಇರುವ ಷರತ್ತನ್ನು ಬದಲಿಸಿ ಹೊಸದನ್ನು ಕೊಡಬಲ್ಲದು. ಎರಡು ಅಧಿಕಾರಗಳೂ ಒಂದೇ ಜಾತಿಯವಲ್ಲ. ಸಂಘದ ಬೈಲಾಗಳಿಗೆ ಶಾಸನದ ಬಲವಿಲ್ಲ ಎಂಬುದನ್ನೂ ಅದೇ ತೀರ್ಪು ಹೇಳಿತು.

ಕರ್ನಾಟಕ ಸುಮ್ಮನಿರಲಿಲ್ಲ. 1976ರ ಜನವರಿ 20ರಿಂದ ಜಾರಿಗೆ ಬಂದ ತಿದ್ದುಪಡಿಯಲ್ಲಿ 70ನೇ ಸೆಕ್ಷನ್‌ಗೆ ಹೊಸ ಮಾತು ಸೇರಿಸಿತು. ಸಂಘ ಮತ್ತು ಅದರ ನೌಕರರ ನಡುವಿನ ವಿವಾದ, ಉದ್ಯೋಗದ ಷರತ್ತು, ಕೆಲಸದ ಪರಿಸ್ಥಿತಿ, ಶಿಸ್ತುಕ್ರಮ, ಇವೂ ಇನ್ನು ಮುಂದೆ ನಿಬಂಧಕರ ಮುಂದಿಡಬಹುದಾದ ವಿವಾದಗಳೇ ಎಂದಿತು. ಆದರೆ ಕೈಗಾರಿಕಾ ವಿವಾದಗಳ ಕಾಯ್ದೆ ಕೇಂದ್ರದ್ದು, 1947ರದ್ದು. ಕಾರ್ಮಿಕ ವಿವಾದ ಸಂವಿಧಾನದ ಸಮವರ್ತಿ ಪಟ್ಟಿಯ ವಿಷಯ. ಅಲ್ಲಿ ರಾಜ್ಯದ ಕಾನೂನು ಕೇಂದ್ರದ ಕಾನೂನನ್ನು ಮೀರಬೇಕಾದರೆ 254ನೇ ವಿಧಿಯಂತೆ ರಾಷ್ಟ್ರಪತಿಗಳ ಅಂಕಿತ ಬೇಕು. 1976ರ ತಿದ್ದುಪಡಿಗೆ ಆ ಬಲ ಇರಲಿಲ್ಲ. ಹಾಗಾಗಿ ಸೊಸೈಟಿ ನೌಕರನಿಗೆ ಎರಡು ಬಾಗಿಲು ತೆರೆದೇ ಉಳಿದವು. ಒಂದು ಸಹಕಾರ ಇಲಾಖೆಯ ಬಾಗಿಲು, ಇನ್ನೊಂದು ಕಾರ್ಮಿಕ ನ್ಯಾಯಾಲಯದ ಬಾಗಿಲು. 1978ರಲ್ಲಿ ಬೆಂಗಳೂರು ಜಲಮಂಡಳಿ ಪ್ರಕರಣದಲ್ಲಿ ಏಳು ನ್ಯಾಯಮೂರ್ತಿಗಳ ಪೀಠ ‘ಕೈಗಾರಿಕೆ’ ಎಂಬ ಪದಕ್ಕೆ ವಿಶಾಲವಾದ ಅರ್ಥ ಕೊಟ್ಟು, ಸಹಕಾರ ಸಂಸ್ಥೆಗಳನ್ನೂ ಅದರೊಳಗೆ ತಂದಾಗ ಎರಡನೆಯ ಬಾಗಿಲು ಇನ್ನಷ್ಟು ಅಗಲವಾಯಿತು. 1988ರ ಏಪ್ರಿಲ್‌ನಿಂದ ಕೈಗಾರಿಕಾ ವಿವಾದಗಳ ಕಾಯ್ದೆಗೆ ಕರ್ನಾಟಕದ ತಿದ್ದುಪಡಿ ಬಂದು, ವಜಾಗೊಂಡ ಕಾರ್ಮಿಕ ಸರ್ಕಾರದ ಶಿಫಾರಸಿಗೆ ಕಾಯದೆ ಆರು ತಿಂಗಳೊಳಗೆ ನೇರವಾಗಿ ಕಾರ್ಮಿಕ ನ್ಯಾಯಾಲಯಕ್ಕೆ ಅರ್ಜಿ ಹಾಕಬಹುದು ಎಂದಾಯಿತು.

1991ರಲ್ಲಿ ಸಹಕಾರ ಸಾರಿಗೆ ಹುಟ್ಟಿದಾಗ ಪರಿಸ್ಥಿತಿ ಇದು. ನಿನ್ನೆಯವರೆಗೆ ಕಂಪನಿಯ ಕಾರ್ಮಿಕನಾಗಿದ್ದವನು ಇಂದು ಸಂಘದ ಸದಸ್ಯ ಮತ್ತು ನೌಕರ. ಹೆಸರು ಬದಲಾಯಿತು, ಆದರೆ ಅವನ ರಕ್ಷಣೆ ಹಾಗೆಯೇ ಇತ್ತು.

ಆ ರಕ್ಷಣೆ ಎಂದರೆ ಏನು ಎಂಬುದನ್ನು ಕಾನೂನಿನ ಭಾಷೆ ಬಿಟ್ಟು ನೋಡೋಣ. ಘಾಟಿಯ ಒಂದು ತಿರುವಿನಲ್ಲಿ ತನಿಖಾಧಿಕಾರಿ ಕೈ ಅಡ್ಡ ಹಿಡಿದು ಬಸ್ಸು ನಿಲ್ಲಿಸುತ್ತಾನೆ. ಎರಡೂ ಬಾಗಿಲಲ್ಲಿ ಜನ ನೇತಾಡುತ್ತಿದ್ದಾರೆ, ಮಳೆಗೆ ಟಾರ್ಪಾಲು ಪರದೆ ಇಳಿಬಿಟ್ಟಿದೆ. ತನಿಖಾಧಿಕಾರಿ ತಲೆ ಎಣಿಸುತ್ತಾನೆ, ಟಿಕೆಟ್ ಎಣಿಸುತ್ತಾನೆ, ವೇ ಬಿಲ್ಲಿಗೆ ಗೆರೆ ಎಳೆಯುತ್ತಾನೆ, ಬ್ಯಾಗಿನ ಹಣ ಸೀಟಿನ ಮೇಲೆ ಸುರಿದು ಲೆಕ್ಕ ಹಾಕುತ್ತಾನೆ. ಮೂರು ಜನರ ಬಳಿ ಟಿಕೆಟ್ ಇಲ್ಲ. ‘ದುಡ್ಡು ಕೊಟ್ಟಿದ್ದೀವಿ’ ಎನ್ನುತ್ತಾರೆ ಅವರು. ‘ಈಗ ತಾನೇ ಹತ್ತಿದ್ರು, ಹಿಂದಿನಿಂದ ಟಿಕೆಟ್ ಕೊಡ್ತಾ ಬರ್ತಾ ಇದ್ದೆ ಸಾರ್’ ಎನ್ನುತ್ತಾನೆ ಕಂಡಕ್ಟರ್. ಮುಂದಿನ ಸ್ಟಾಪಿನಲ್ಲಿ ಆ ಮೂವರೂ ಇಳಿದು ಕಾಡಿನ ಕಾಲುದಾರಿ ಹಿಡಿಯುತ್ತಾರೆ. ಉಳಿಯುವುದು ಒಂದು ಕಾಗದ. ಅಮಾನತು, ಕಾರಣ ಕೇಳಿ ನೋಟಿಸು, ಆರೋಪ ಪಟ್ಟಿ, ವಿಚಾರಣೆ, ವಜಾ, ಎಲ್ಲವೂ ಆ ಕಾಗದದಿಂದಲೇ ಹೊರಡುತ್ತವೆ.

ಇಂಥ ಪ್ರಕರಣಗಳಲ್ಲಿ ನ್ಯಾಯಾಲಯಗಳು ನೌಕರನಿಗೆ ಸುಲಭಕ್ಕೆ ಮರುಗಿಲ್ಲ. 1977ರಲ್ಲಿ ಹರಿಯಾಣದ ಕಂಡಕ್ಟರ್ ಒಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಪ್ರಯಾಣಿಕರ ಹೇಳಿಕೆ ಪಡೆಯಲಿಲ್ಲ ಎಂಬ ಒಂದೇ ಕಾರಣಕ್ಕೆ ಆಂತರಿಕ ವಿಚಾರಣೆ ಬಿದ್ದುಹೋಗುವುದಿಲ್ಲ ಎಂದಿತು. 2001ರಲ್ಲಿ ನಮ್ಮ ಕೆಎಸ್‌ಆರ್‌ಟಿಸಿಯ ಪ್ರಕರಣವೊಂದರಲ್ಲಿ, ಹಣ ಪಡೆದು ಟಿಕೆಟ್ ಕೊಡದ ನಿರ್ವಾಹಕನ ಮೇಲೆ ಕನಿಕರ ತೋರುವುದು ಸಲ್ಲದು ಎಂದಿತು. ಆದರೂ ಕಾರ್ಮಿಕ ನ್ಯಾಯಾಲಯದ ಕೈಯಲ್ಲಿ ಒಂದು ದೊಡ್ಡ ಸಾಧನ ಇತ್ತು. 1971ರ ಡಿಸೆಂಬರ್‌ನಲ್ಲಿ ಕೈಗಾರಿಕಾ ವಿವಾದಗಳ ಕಾಯ್ದೆಗೆ ಸೇರಿದ 11ಎ ಸೆಕ್ಷನ್. ಆರೋಪ ಸಾಬೀತಾದರೂ ಶಿಕ್ಷೆ ತಪ್ಪಿಗಿಂತ ಭಾರವಾಯಿತು ಎನಿಸಿದರೆ ನ್ಯಾಯಾಧೀಶರು ವಜಾ ಆದೇಶವನ್ನು ತೆಗೆದು, ಎರಡು ವೇತನ ಬಡ್ತಿ ಕಡಿತ ಮಾಡಿ ಕೆಲಸಕ್ಕೆ ಸೇರಿಸಿಕೊಳ್ಳಿ ಎನ್ನಬಹುದಿತ್ತು. ಹದಿನೆಂಟು ವರ್ಷ ಕೆಟ್ಟ ಹೆಸರಿಲ್ಲದೆ ದುಡಿದವನಿಗೂ, ನಾಲ್ಕನೆಯ ಸಲ ಸಿಕ್ಕಿಬಿದ್ದವನಿಗೂ ಒಂದೇ ಅಳತೆ ಬೇಡ ಎಂಬ ವಿವೇಕ ಅದು. ಇನ್ನೊಂದು, 1984ರಲ್ಲಿ ಬಂದ 17ಬಿ. ಕಾರ್ಮಿಕ ಗೆದ್ದು, ಮಾಲೀಕ ಹೈಕೋರ್ಟಿಗೆ ಹೋದರೆ, ಆ ಮೇಲ್ಮಟ್ಟದ ವಿಚಾರಣೆ ಮುಗಿಯುವವರೆಗೆ ಕಾರ್ಮಿಕನಿಗೆ ಕೊನೆಯ ಸಂಬಳದಷ್ಟು ಹಣ ಕೊಡುತ್ತಿರಬೇಕಿತ್ತು. ಬೆಂಗಳೂರಿನ ವಕೀಲರ ಫೀಸಿನ ಮಾತು ಬಿಡಿ, ಊಟದ ಮಾತಾಡಿದರೂ ಈ ಸೆಕ್ಷನ್ ಎಷ್ಟು ಮನೆಗಳ ಒಲೆ ಉರಿಸಿದೆಯೋ.

2000ದ ಜೂನ್ 20ರಂದು ಎಲ್ಲ ಬದಲಾಯಿತು. ಕರ್ನಾಟಕದ 2000ದ 2ನೇ ಅಧಿನಿಯಮ ಅಂದು ಜಾರಿಗೆ ಬಂತು. ಈ ಸಲ ರಾಷ್ಟ್ರಪತಿಗಳ ಅಂಕಿತ ಇತ್ತು. 1947ರ ಕೈಗಾರಿಕಾ ವಿವಾದಗಳ ಕಾಯ್ದೆಯಲ್ಲಿ ಏನೇ ಇದ್ದರೂ ಸಹಕಾರ ಸಂಘ ಮತ್ತು ನೌಕರರ ವಿವಾದ ನಿಬಂಧಕರ ಮುಂದೆಯೇ ಬರಬೇಕು ಎಂದು ಕಾನೂನು ಬಿಚ್ಚಿ ಹೇಳಿತು. ನೌಕರರ ಸಂಘಟನೆಗಳು ಹೈಕೋರ್ಟಿಗೆ ಹೋದವು. ಹಳೆಯ ಪ್ರಕರಣಗಳು ಕಾರ್ಮಿಕ ನ್ಯಾಯಾಲಯಗಳಲ್ಲಿ ತೂಗಾಡುತ್ತಿದ್ದವು, ಯಾವುದು ನಿಲ್ಲುತ್ತದೆ ಯಾವುದು ಬೀಳುತ್ತದೆ ಎಂಬುದೇ ಗೊಂದಲವಾಗಿತ್ತು.

ಆ ಗೊಂದಲ ತೀರಿದ್ದು 2007ರ ಏಪ್ರಿಲ್ 26ರಂದು, ಬಿಜಾಪುರ ಸಹಕಾರಿ ಹಾಲು ಉತ್ಪಾದಕರ ಸಂಘಗಳ ಒಕ್ಕೂಟದ ನೌಕರನೊಬ್ಬನ ಪ್ರಕರಣದಲ್ಲಿ. ಸುಪ್ರೀಂ ಕೋರ್ಟ್ ಕಾಲವನ್ನೇ ಗೆರೆ ಎಳೆದು ಭಾಗ ಮಾಡಿತು. 1976ರ ತಿದ್ದುಪಡಿಯಿಂದ 2000ದ ಜೂನ್ 20ರವರೆಗೆ, ‘ಕಾರ್ಮಿಕ’ ಎಂಬ ವ್ಯಾಖ್ಯೆಗೆ ಒಳಪಡುವ ಸೊಸೈಟಿ ನೌಕರನಿಗೆ ಎರಡೂ ದಾರಿಗಳಿದ್ದವು, ಬೇಕಾದ್ದನ್ನು ಆರಿಸಿಕೊಳ್ಳಬಹುದಿತ್ತು. 2000ದ ಜೂನ್ 20ರಿಂದ ಈಚೆಗೆ ಕಾರ್ಮಿಕ ನ್ಯಾಯಾಲಯಕ್ಕೆ ಈ ವಿವಾದಗಳ ಮೇಲೆ ಅಧಿಕಾರವಿಲ್ಲ. ಅದೇ ವರ್ಷದ ಆರಂಭದಲ್ಲಿ ಉತ್ತರ ಪ್ರದೇಶದ ಗಾಜಿಯಾಬಾದ್ ಜಿಲ್ಲಾ ಸಹಕಾರಿ ಬ್ಯಾಂಕಿನ ಪ್ರಕರಣದಲ್ಲೂ ಸಹಕಾರ ಕಾಯ್ದೆಗೇ ಮೇಲುಗೈ ಸಿಕ್ಕಿತ್ತು.

2000ದ ನಂತರ, ಸಹಕಾರ ಸಾರಿಗೆ ಇನ್ನೂ ಓಡುತ್ತಿದ್ದ ವರ್ಷಗಳಲ್ಲಿ, ಕೊಪ್ಪದಿಂದ ಶೃಂಗೇರಿಗೆ ಹೋಗುವ ರಸ್ತೆಯನ್ನು ಕಣ್ಣ ಮುಂದೆ ತಂದುಕೊಳ್ಳಿ. ಸರ್ಕಾರಿ ಬಸ್ಸಿನ ಕಂಡಕ್ಟರ್ ಒಬ್ಬ, ಸಹಕಾರ ಸಂಘದ ಬಸ್ಸಿನ ಕಂಡಕ್ಟರ್ ಒಬ್ಬ. ಇಬ್ಬರ ಮೇಲೂ ಒಂದೇ ಬಗೆಯ ಆರೋಪ ಬಂದು ಇಬ್ಬರೂ ಕೆಲಸ ಕಳೆದುಕೊಂಡರು ಎನ್ನೋಣ. ಮೊದಲನೆಯವನು ಕಾರ್ಮಿಕ ನ್ಯಾಯಾಲಯಕ್ಕೆ ಹೋಗಬಹುದಿತ್ತು, 11ಎ ಅವನಿಗಿತ್ತು, 17ಬಿ ಅವನಿಗಿತ್ತು. ಎರಡನೆಯವನು 70ನೇ ಸೆಕ್ಷನ್‌ನ ದಾವೆ ಹೂಡಬೇಕಿತ್ತು. ಅದನ್ನು ಕೇಳುವವರು ಸಹಕಾರ ಇಲಾಖೆಯ ಅಧಿಕಾರಿ. ಸಂಘಗಳ ಚುನಾವಣೆ, ಆಡಿಟ್ ಆಕ್ಷೇಪಣೆ, ಬೈಲಾ ತಿದ್ದುಪಡಿ, ಸಾಲ ವಸೂಲಿಯ ಕಡತಗಳ ನಡುವೆ ಇವನ ಕಡತವೂ ಒಂದು. ಅಲ್ಲಿ ಸೋತರೆ 105ನೇ ಸೆಕ್ಷನ್‌ನಂತೆ ಬೆಂಗಳೂರಿನ ಕರ್ನಾಟಕ ಮೇಲ್ಮನವಿ ನ್ಯಾಯಾಧಿಕರಣ, ಅಲ್ಲಿಂದ ಮುಂದೆ ಹೈಕೋರ್ಟು. ಗೆದ್ದರೂ ಸಂಘ ಇದೇ ಮೆಟ್ಟಿಲು ಹತ್ತಬಹುದು, ಆ ವರ್ಷಗಳಲ್ಲಿ ಸಂಬಳ ಕೊಡಿಸುವ 17ಬಿ ಸಹಕಾರ ಕಾಯ್ದೆಯಲ್ಲಿ ಇಲ್ಲ. ಶಿಕ್ಷೆಯ ಅಳತೆಯನ್ನು ಬದಲಿಸುವ 11ಎಯಂಥ ಸ್ಪಷ್ಟ ಮಾತೂ ಇಲ್ಲ.

ನೇರವಾಗಿ ರಿಟ್ ಅರ್ಜಿ ಹಾಕಬಾರದೇ ಎಂದು ಹಲವರು ಕೇಳುತ್ತಾರೆ. ಸರ್ಕಾರಿ ಸಾರಿಗೆ ನಿಗಮ ಸಂವಿಧಾನದ ಅರ್ಥದಲ್ಲಿ ‘ರಾಜ್ಯ’. ಸಾಮಾನ್ಯ ಸಹಕಾರ ಸಂಘ ಹಾಗಲ್ಲ. 2006ರಲ್ಲಿ ಹಿಮಾಚಲದ ಕಾಂಗ್ರಾ ಕೇಂದ್ರ ಸಹಕಾರಿ ಬ್ಯಾಂಕಿನಿಂದ ವಜಾಗೊಂಡ ನೌಕರನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ. ಸರ್ಕಾರದ ಮೇಲ್ವಿಚಾರಣೆ ಇದೆ ಎಂದ ಮಾತ್ರಕ್ಕೆ ಬ್ಯಾಂಕು ಸರ್ಕಾರದ ಅಂಗವಾಗುವುದಿಲ್ಲ ಎಂದಿತು. 2013ರಲ್ಲಿ ಕೇರಳದ ತಲಪ್ಪಲಂ ಸೇವಾ ಸಹಕಾರಿ ಬ್ಯಾಂಕಿನ ತೀರ್ಪು ಆ ನಿಲುವನ್ನು ಇನ್ನಷ್ಟು ಗಟ್ಟಿ ಮಾಡಿತು. ಹಾಗಾಗಿ ನಿಬಂಧಕರ ಅಥವಾ ನ್ಯಾಯಾಧಿಕರಣದ ಆದೇಶ ಕೈಗೆ ಬಂದ ಮೇಲಷ್ಟೇ ಹೈಕೋರ್ಟಿನ ದಾರಿ ಸರಾಗ.

ದಿನಗೂಲಿಯವರ ಪಾಡು ಬೇರೆಯೇ. ನೇಮಕಾತಿ ನಿಯಮ ಮೀರಿ ಒಳಗೆ ಬಂದವರನ್ನು ಖಾಯಂ ಮಾಡಲಾಗದು ಎಂದು ತಮಿಳುನಾಡಿನ ಸಹಕಾರ ಸಂಘಗಳ ನೌಕರರ ವಿಷಯದಲ್ಲಿ 2004ರಲ್ಲೇ ಸುಪ್ರೀಂ ಕೋರ್ಟ್ ಹೇಳಿತ್ತು. ಕರ್ನಾಟಕ ಸರ್ಕಾರದ್ದೇ ಆದ ಉಮಾದೇವಿ ಪ್ರಕರಣದಲ್ಲಿ 2006ರ ಏಪ್ರಿಲ್ 10ರಂದು ಸಂವಿಧಾನ ಪೀಠ ಸರ್ಕಾರಿ ಇಲಾಖೆಗಳ ತಾತ್ಕಾಲಿಕ ನೌಕರರ ಮಟ್ಟಿಗೂ ಅದನ್ನೇ ವಿಸ್ತಾರವಾಗಿ ಸ್ಥಾಪಿಸಿತು.

ಸಂಘಗಳ ಪಕ್ಷವನ್ನೂ ಹೇಳಬೇಕು. ಮಲೆನಾಡಿನ ಒಂದು ಸಣ್ಣ ಸೊಸೈಟಿಯಲ್ಲಿ ಮೂರೋ ನಾಲ್ಕೋ ಜನ ನೌಕರರು. ಗೊಬ್ಬರದ ದಾಸ್ತಾನಿನಲ್ಲಿ ನೂರು ಚೀಲ ಕಡಿಮೆ ಬಂದರೆ, ಠೇವಣಿ ರಸೀದಿಯಲ್ಲಿ ಸಹಿ ಹೊಂದದಿದ್ದರೆ, ಹೋಗುವುದು ಬಡ ರೈತನ ದುಡ್ಡು. ಹಳದಿ ಎಲೆ ರೋಗದಿಂದ ತೋಟ ಕಳೆದುಕೊಂಡವನು ಉಳಿಸಿಟ್ಟ ಹಣ ಅಲ್ಲಿರುತ್ತದೆ. ಆಡಳಿತ ಮಂಡಳಿ ಕೈಕಟ್ಟಿ ಕೂರಲಾಗದು. ಸಹಕಾರದ ಒಳಹೊರಗು ಬಲ್ಲ ಅಧಿಕಾರಿಯೇ ಇಂಥ ವಿವಾದ ಕೇಳಲಿ ಎಂಬ ವಾದದಲ್ಲಿ ಸತ್ಯಾಂಶವಿದೆ, ಆ ಲೆಕ್ಕ ಪುಸ್ತಕಗಳ ಭಾಷೆ ಅವರಿಗೆ ಗೊತ್ತು. ಆದರೆ ಅದೇ ಊರಿನಲ್ಲಿ, ಚುನಾವಣೆ ಮುಗಿದು ಹೊಸ ಮಂಡಳಿ ಬಂದ ಮೇಲೆ ಹಳೆಯ ಬಣದ ಗುಮಾಸ್ತನಿಗೆ ನೋಟಿಸು ಹೋಗುವುದೂ ಉಂಟು. ತಪ್ಪು ಮಾಡಿದವನನ್ನೂ ಸುಳ್ಳು ಆರೋಪಕ್ಕೆ ಸಿಲುಕಿದವನನ್ನೂ ಬೇರ್ಪಡಿಸಿ ನೋಡುವ ಕಣ್ಣು, ಶಿಕ್ಷೆಯನ್ನು ತೂಗುವ ಅಧಿಕಾರ, ಎರಡೂ ಒಂದೇ ಕಡೆ ಇರಬೇಕು. 2000ದಲ್ಲಿ ರಾಜ್ಯ ಒಂದು ಬಾಗಿಲನ್ನು ಮುಚ್ಚಿತು, ಆ ಬಾಗಿಲಿನ ಒಳಗಿದ್ದ ಸಾಧನಗಳನ್ನು ಇನ್ನೊಂದು ಮನೆಗೆ ಸಾಗಿಸಲಿಲ್ಲ. ನನ್ನ ತಕರಾರು ಇಷ್ಟೇ, ಮತ್ತು ಅದು ಸಣ್ಣದಲ್ಲ.

ಸಹಕಾರ ಸಾರಿಗೆಯ ವಿಷಯದಲ್ಲಿ ಇದು ಇನ್ನಷ್ಟು ನೋಯಿಸುತ್ತದೆ. ಶಂಕರ್ ಕಂಪನಿಯ ಕಾಲದಲ್ಲಿ ಮಾಲೀಕನ ಎದುರು ನಿಂತ ಕಾರ್ಮಿಕನಿಗೆ ಕಾರ್ಮಿಕ ನ್ಯಾಯಾಲಯವಿತ್ತು. ತಾನೇ ಮಾಲೀಕನಾದ ಮೇಲೆ, 2000ದಿಂದ ಈಚೆಗೆ, ಅದು ಇಲ್ಲವಾಯಿತು. ಸಹಕಾರದ ಕಡೆ ಹೆಜ್ಜೆ ಇಟ್ಟದ್ದಕ್ಕೆ ಕಾನೂನು ಅವನಿಂದ ಕಿತ್ತುಕೊಂಡದ್ದು ಇದು. ಡೀಸೆಲ್ ದರ, ತೆರಿಗೆ, ಬಿಡಿಭಾಗಗಳ ಖರ್ಚು ಏರಿ, ನಷ್ಟ ತಾಳಲಾರದೆ 2020ರ ಫೆಬ್ರುವರಿಯಲ್ಲಿ ಸಹಕಾರ ಸಾರಿಗೆಯ ಬಸ್ಸುಗಳು ನಿಂತವು. ಸುಮಾರು 300 ಜನರ ದುಡಿಮೆ ನಿಂತಿತು. ಅವರನ್ನು ಯಾರೋ ವಜಾ ಮಾಡಿದ್ದಲ್ಲ, ಅವರು ಕಟ್ಟಿದ್ದೇ ಅವರ ಕೈಯಲ್ಲಿ ನಿಂತುಹೋಯಿತು.

2025ರ ನವೆಂಬರ್ 21ರಿಂದ ಕೇಂದ್ರದ ಕೈಗಾರಿಕಾ ಸಂಬಂಧಗಳ ಸಂಹಿತೆ ಜಾರಿಗೆ ಬಂದಿದೆ. 1947ರ ಕಾಯ್ದೆಯ ಜಾಗದಲ್ಲಿ ಈಗ ಅದಿದೆ. 70ನೇ ಸೆಕ್ಷನ್ ಮೀರಿ ನಿಂತದ್ದು 1947ರ ಕಾಯ್ದೆಯನ್ನು. ರಾಷ್ಟ್ರಪತಿಗಳ ಅಂಕಿತ ಪಡೆದ ರಾಜ್ಯದ ಕಾನೂನನ್ನೂ ಸಂಸತ್ತು ಆಮೇಲೆ ಮಾಡುವ ಕಾನೂನಿನಿಂದ ಬದಲಿಸಬಹುದು ಎಂದು 254ನೇ ವಿಧಿಯೇ ಹೇಳುತ್ತದೆ. ಹಾಗಾದರೆ ಮುಚ್ಚಿದ ಬಾಗಿಲು ಮತ್ತೆ ತೆರೆಯಿತೇ? ಈ ಪ್ರಶ್ನೆಯನ್ನು ಯಾವುದೋ ಒಂದು ಸೊಸೈಟಿಯ ವಜಾಗೊಂಡ ನೌಕರ ತನ್ನ ಖರ್ಚಿನಲ್ಲಿ ಸುಪ್ರೀಂ ಕೋರ್ಟಿನವರೆಗೆ ಹೊತ್ತುಕೊಂಡು ಹೋಗಲಿ ಎಂದು ಕಾಯುವುದು ಬೇಡ. ವಿಧಾನಮಂಡಲ ಮನಸ್ಸು ಮಾಡಿ 70ನೇ ಸೆಕ್ಷನ್‌ಗೆ ಎರಡು ಉಪವಾಕ್ಯ ಸೇರಿಸಿದರೆ ಸಾಕು: ಶಿಕ್ಷೆಯನ್ನು ತಪ್ಪಿಗೆ ತಕ್ಕಂತೆ ಇಳಿಸುವ ಅಧಿಕಾರ ಒಂದು, ಗೆದ್ದ ನೌಕರನಿಗೆ ಮೇಲ್ಮನವಿ ಮುಗಿಯುವವರೆಗೆ ಸಂಬಳ ಇನ್ನೊಂದು. ಕೊಪ್ಪ, ಶೃಂಗೇರಿ, ನರಸಿಂಹರಾಜಪುರಗಳ ಸಹಕಾರಿಗಳು ತಮ್ಮ ಮುಂದಿನ ಮಹಾಸಭೆಯಲ್ಲಿ ಈ ಬೇಡಿಕೆಯನ್ನು ಠರಾವು ಮಾಡಿ ಬೆಂಗಳೂರಿಗೆ ಕಳಿಸಬೇಕೆಂದು ಕೇಳಿಕೊಳ್ಳುತ್ತೇನೆ.